ತಟ್ಟೆ ಹಿಡಿದು ಬಂದ ಶ್ರೋತೃಗಳು

ನನ್ನ ಮೊದಲ ಒಂಟಿ ಕಛೇರಿಗೆ ಬಂದವರೆಲ್ಲರ ಕೈಯಲ್ಲೂ ತಟ್ಟೆ ಇತ್ತು. ಹೆಚ್ಚಿನವು ಸ್ಟೀಲಿನವು, ಒಬ್ಬರದ್ದು ಅಲ್ಯೂಮಿನಿಯಂ ಬೋಗುಣಿ. ಕೆಳಗಿನ ಮನೆಯ ಮಾಲಕಿ ಅಕ್ಕನದ್ದು ಮಾತ್ರ ಅಂಚಿನಲ್ಲಿ ಗುಲಾಬಿ ಹೂವಿದ್ದ ಪಿಂಗಾಣಿ ತಟ್ಟೆ. ಅವರ ಹಿಂದೆ ಓಣಿಯ ಬೆಕ್ಕುಗಳು, ಶಾಲೆಯ ಪ್ರಾರ್ಥನೆಗೆ ನಿಂತ ಹಾಗೆ.

ಬ್ರಹ್ಮಾವರದ ಬಸ್‌ಸ್ಟ್ಯಾಂಡಿನ ಹಿಂದಿನ ಓಣಿಯೊಂದರಲ್ಲಿ ನನ್ನದೊಂದು ಮಹಡಿ ಕೋಣೆ, ಬಾಡಿಗೆಯದು. ಅವತ್ತು ಬೆಳಿಗ್ಗೆ ಕಿಟಕಿ ತೆರೆದಿಟ್ಟು ಸ್ಯಾಕ್ಸೋಫೋನಿನ ತೀರಾ ಕೆಳಗಿನ ಸ್ವರವನ್ನು ಉಸಿರು ಮುಗಿಯುವವರೆಗೆ ಹಿಡಿಯುವ ಅಭ್ಯಾಸ ಮಾಡುತ್ತಿದ್ದೆ. ಆ ಸ್ವರವೂ, ದಿನಾ ಸ್ಕೂಟರಿನಲ್ಲಿ ಮೀನು ತರುವವರ ರಬ್ಬರ್ ಹಾರ್ನಿನ ಸ್ವರವೂ ಒಂದೇ ಎಂದು ನನಗೆ ಗೊತ್ತಿರಲಿಲ್ಲ. ಗೊತ್ತಿರಬೇಕಿತ್ತು. ನಾನು ಹುಟ್ಟಿದ್ದೇ ಮೀನಿನ ಮನೆಯಲ್ಲಿ.

“ಹ್ವಾಯ್, ಮೀನಿನ್ ಗಾಡಿ ಎಲ್ಲ್ ಹೋಯ್ತ್ ಮಾರ್ರೆ? ಈಗಷ್ಟೇ ಹಾರ್ನ್ ಕೇಂಡೆ!” ಎಂದು ಮಾಲಕಿ ಅಕ್ಕ ಓಣಿಯ ಆ ತುದಿಯನ್ನೂ ಈ ತುದಿಯನ್ನೂ ನೋಡಿದರು.

ಏನು ಗಲಾಟೆ ಎಂದು ನಾನು ಕಿಟಕಿಯಿಂದ ತಲೆ ಹೊರಗೆ ಹಾಕಿದೆ. ಕುತ್ತಿಗೆಯಲ್ಲಿ ಸ್ಯಾಕ್ಸೋಫೋನು ಜೋತಾಡುತ್ತಿತ್ತು. ಎಲ್ಲರ ಮುಖವೂ ಮೇಲಕ್ಕೆ ತಿರುಗಿತು.

“ನೀವಾ ಊದದ್ದ್?”

“ಹೌದ್, ನಾನೇ.”

ಎದುರು ಮನೆಯ ನಿವೃತ್ತ ಮೇಷ್ಟ್ರು ಸ್ವಲ್ಪ ಯೋಚಿಸಿದರು. ಆಸೆ ಅಷ್ಟು ಬೇಗ ಬಿಡುವ ಜನವಲ್ಲ ಅವರು. “ಬಂಗ್ಡೆ ಇತ್ತಾ?” ಎಂದು ಕೇಳಿದರು.

ಎಲ್ಲರೂ ಬೈದುಕೊಂಡು ಒಳಗೆ ಹೋದರು. ಅನಾಹುತ ಆದದ್ದು ಆಮೇಲೆ. ನಿಜವಾದ ಮೀನಿನವರು ಬಂದು ಹಾರ್ನ್ ಹಾಕಿಯೇ ಹಾಕಿದರು. ಒಬ್ಬರೂ ಹೊರಗೆ ಬರಲಿಲ್ಲ. ಕೊನೆಗೆ ಯಾರೋ ವಿಷಯ ಹೇಳಿದ ಮೇಲೆ ಆ ಮನುಷ್ಯ ಮೆಟ್ಟಿಲು ಹತ್ತಿ ನನ್ನ ಬಾಗಿಲಿಗೇ ಬಂದರು. ನಡುವಯಸ್ಸಿನವರು, ಮೊಣಕೈವರೆಗೂ ಮೀನಿನ ಹೊಳಪು.

“ಎಂತ ಮಾರ್ರೆ, ನನ್ನ್ ಹೊಟ್ಟಿ ಮೇಲ್ ಹೊಡಿತ್ರ್ಯಾ? ಎಷ್ಟ್ ಹಾರ್ನ್ ಹಾಕ್ರೂ ‘ಅದ್ ಮೇಲಿನ್ ರೂಮಿನ್ ಗಂಡ್ ಊದುದ್’ ಅಂತ್ರ್!”

“ಇದ್ ಹಾರ್ನ್ ಅಲ್ಲ, ಸ್ಯಾಕ್ಸೋಫೋನ್,” ಎಂದೆ, ಆದಷ್ಟು ಗಾಂಭೀರ್ಯದಿಂದ.

ಅವರು ಅದರ ಕೀಲಿಗಳನ್ನು ಒಂದೊಂದಾಗಿ ಒತ್ತಿ ನೋಡಿದರು. “ಅದೇ ಸದ್ದಿಗೆ ಇಷ್ಟ್ ದೊಡ್ಡದ್ ಬೇಕಾ? ನಂದ್ ಕಾಣಿ, ಮುಷ್ಟಿಯೊಳ್ಗೆ ಹಿಡಿತ್ತ್.”

ಅಲ್ಲಿಗೆ ಒಪ್ಪಂದವಾಯಿತು. ದಿನಾ ಅವರು ಬಂದು ಹೋಗುವವರೆಗೆ ನಾನು ಕೆಳಗಿನ ಸ್ವರ ಮುಟ್ಟಬಾರದು. ಅಲ್ಲಿಂದ ಮುಂದೆ ಬೆಳಗಿನ ಹೊತ್ತು ನಾನು ಊದಿದ ಕೀರ್ತನೆಗಳಲ್ಲೆಲ್ಲ ಮಂದ್ರ ಷಡ್ಜ ಬರುವ ಜಾಗದಲ್ಲಿ ಬರೀ ಗಾಳಿ ಇತ್ತು.

ಮೀನಿನ ಮನೆಯ ಹುಡುಗ ಸ್ಯಾಕ್ಸೋಫೋನಿಗೆ ಯಾಕೆ ಬಂದ ಎಂದು ಕೇಳುತ್ತಾರೆ. ಸಂಗೀತದ ಸೆಳೆತ ಅಂತ ಹೇಳಿದರೆ ಚೆನ್ನಾಗಿರುತ್ತದೆ. ನಿಜ ಏನೆಂದರೆ ನನಗೆ ದೋಣಿಯಲ್ಲಿ ವಾಂತಿ. ಗಂಗೊಳ್ಳಿಯಿಂದ ಮೊದಲ ಸಲ ಕಡಲಿಗೆ ಹೋದ ದಿನ ನಾನು ಮೀನು ಹಿಡಿಯಲಿಲ್ಲ, ಅವುಗಳಿಗೆ ಊಟ ಬಡಿಸಿದೆ. ದಡದಲ್ಲಿ ಬಲೆ ಸರಿಮಾಡುವ ಕೆಲಸಕ್ಕೆ ಕೂರಿಸಿದರು. ಅಲ್ಲಿ ನನ್ನ ಎಡಗೈಯನ್ನೇ ಬಲೆಗೆ ಸೇರಿಸಿ ಗಂಟು ಹಾಕಿದೆ, ಬಿಡಿಸಲು ಅಣ್ಣ ಹೊಸ ಬಲೆ ಕತ್ತರಿಸಬೇಕಾಯಿತು. ಇವನಿಗೆ ಉಸಿರೊಂದು ಬಿಟ್ಟರೆ ಬೇರೇನೂ ಬಾರದು ಎಂದು ಮನೆಯವರು ತೀರ್ಮಾನಿಸಿ, ಕೋಟದಲ್ಲಿ ಮದುವೆ-ದೇವಸ್ಥಾನಗಳಿಗೆ ವಾದ್ಯದ ಸೆಟ್ಟು ನಡೆಸುವ ಗುರುಗಳ ಬಳಿ ಬಿಟ್ಟರು.

ಗುರುಗಳು ಕಲಿಸಿದರು. ನಾನೂ ಅಷ್ಟಿಷ್ಟು ಕಲಿತೆ. ಕೊಕ್ಕರ್ಣೆ ಕಡೆ ಒಂದು ದೇವರ ಮೆರವಣಿಗೆಯಲ್ಲಿ ದೇವರಿಗೆ ಬೆನ್ನು ಹಾಕಬಾರದು ಎಂದು ಹಿಮ್ಮುಖವಾಗಿ ನಡೆಯುತ್ತಾ ಊದುತ್ತಿದ್ದೆ, ಗದ್ದೆಯ ಅಂಚು ಮುಗಿದದ್ದು ಗೊತ್ತಾಗಲಿಲ್ಲ. ಕೆಸರಿನಲ್ಲಿ ಅಂಗಾತ ಬಿದ್ದೆ. ಆದರೆ ಸ್ವರ ಬಿಡಲಿಲ್ಲ. ಗುರುಗಳು ನನ್ನನ್ನು ಹೊಗಳಿದ್ದು ಅದೊಂದೇ ಸಲ: “ಬಿದ್ರೂ ಶ್ರುತಿಯೊಳ್ಗೇ ಬಿದ್ದ, ಗಂಡ್!”

ಸೀಸನ್ನಿನಲ್ಲಿ ಉಸಿರಾಡಲು ಪುರುಸೊತ್ತಿಲ್ಲ. ಇವತ್ತು ಕುಂದಾಪುರ, ನಾಳೆ ಬೈಂದೂರು, ನಾಡಿದ್ದು ಕೊಲ್ಲೂರು. ಸುತ್ತ ಸಾವಿರ ಜನ. ಆದರೆ ನಮ್ಮ ಹೆಸರು ಯಾರಿಗೂ ಬೇಡ. “ಸೆಟ್ಟಿನವ್ರು ಬಂದ್ರಾ? ಸೆಟ್ಟಿನವ್ರ್ ಉಂಡ್ರಾ?” ಅಷ್ಟೇ. ಫೋಟೋ ತೆಗೆಯುವವರು ವರನ ಕಡೆಗೆ ಕ್ಯಾಮೆರಾ ತಿರುಗಿಸುವಾಗ ನಾವು ಅಂಚಿನಲ್ಲಿ ಸಿಗುತ್ತೇವೆ. ಈ ಮೂರು ತಾಲೂಕಿನ ಎಷ್ಟೋ ಮನೆಗಳ ಆಲ್ಬಮ್ಮುಗಳಲ್ಲಿ ನನ್ನ ಬಲ ಮೊಣಕೈ ಇದೆ. ಮುಂದೊಂದು ದಿನ ನಾನು ಕಳೆದುಹೋದರೆ ಪೊಲೀಸರಿಗೆ ಮೊಣಕೈಯ ಚಿತ್ರ ಬೇಕಾದಷ್ಟು ಸಿಗುತ್ತದೆ.

ಆಸಾಡಿ ಬಂದರೆ ಅದೂ ಇಲ್ಲ. ಆಷಾಢದಲ್ಲಿ ಮದುವೆ ಇಲ್ಲ, ದೇವಸ್ಥಾನಗಳಲ್ಲಿ ಉತ್ಸವ ಇಲ್ಲ. ನಮ್ಮ ಸೆಟ್ಟಿನ ಡೋಲಿನವನು ಭಾವನ ಹೋಟೆಲಿನಲ್ಲಿ ಗೋಳಿಬಜೆ ಕರಿಯಲು ಹೋಗುತ್ತಾನೆ. ಗುರುಗಳು ಗದ್ದೆಗೆ ಇಳಿಯುತ್ತಾರೆ. ನಾನು ಊರಿಗೆ ಹೋಗಬಹುದು, ಆದರೆ ಅಲ್ಲಿ ದೋಣಿಗಳೆಲ್ಲ ದಡದಲ್ಲಿ, ಮನೆಮಂದಿಯೆಲ್ಲ ಬಲೆಯ ಮುಂದೆ. ನನ್ನ ಎಡಗೈ ಕಂಡರೆ ಈಗಲೂ ಬಲೆ ಸರಿಸಿ ಇಡುತ್ತಾರೆ. ಹಾಗಾಗಿ ಕೋಣೆಯಲ್ಲೇ ಉಳಿಯುತ್ತೇನೆ. ಇಡೀ ದಿನ ಯಾರ ಹತ್ತಿರವೂ ಮಾತಿಲ್ಲ. ಒಮ್ಮೆ ಸಂಜೆ ಹೋಟೆಲಿನಲ್ಲಿ “ಒಂದ್ ಚಾ” ಎನ್ನಲು ಬಾಯಿ ತೆರೆದರೆ ಧ್ವನಿಯೇ ಬರಲಿಲ್ಲ. ಹೋಟೆಲಿನವರು ನಾನು ಮೂಗ ಎಂದುಕೊಂಡು ಕನಿಕರದಿಂದ ಬಿಸ್ಕತ್ತು ಕೊಟ್ಟರು. ತಿದ್ದಲು ಹೋಗಲಿಲ್ಲ. ಆಮೇಲೆ ಆ ಹೋಟೆಲಿಗೆ ಹೋದಾಗಲೆಲ್ಲ ಮೂಗನಾಗಿಯೇ ಚಾ ಕುಡಿಯಬೇಕಾಯಿತು.

ಅಂಥ ಒಂದು ಆಸಾಡಿಯಲ್ಲೇ ಮೊಬೈಲಿನಲ್ಲಿ ಆ ಅಮೆರಿಕದವನು ಸಿಕ್ಕಿದ. ಹೆಸರು ಹೇಳುವುದಿಲ್ಲ. ಹೇಳಿದರೂ ನಿಮಗೆ ಗೊತ್ತಿರಲಿಕ್ಕಿಲ್ಲ, ಅವನ ಕಥೆಯೇ ಅದು.

ನಮ್ಮ ಅಜ್ಜಂದಿರು ಹಾಯಿ ಕಟ್ಟಿ ಕಡಲಿಗೆ ಹೋಗುತ್ತಿದ್ದ ಕಾಲದಲ್ಲಿ ಅವನು ಅಲ್ಲಿ ಪಾಪ್ ಹಾಡುಗಳಿಗೆ ಸ್ಯಾಕ್ಸೋಫೋನು ಊದುತ್ತಿದ್ದ. ರೈಲು ನಿಂತರೂ ಯಾರೂ ಇಳಿಯದಂಥ ಒಂದು ಸಣ್ಣ ಊರಿನವನು. ಅಪ್ಪ ಕ್ಷೌರಿಕ. ಮಿಲಿಟರಿ ಬ್ಯಾಂಡಿನಲ್ಲಿ ಊದಲು ಕಲಿತು, ಹಾಡು ಮುದ್ರಿಸುವ ದೊಡ್ಡ ಊರಿಗೆ ಬಂದ. ಅಲ್ಲಿ ಅವನ ಕೆಲಸ ಏನೆಂದರೆ, ಯಾರೋ ಹಾಡುತ್ತಾರೆ, ಮಧ್ಯೆ ಉಸಿರು ತೆಗೆದುಕೊಳ್ಳುತ್ತಾರೆ, ಆ ಸಂದಿಯಲ್ಲಿ ಇವನು ನಾಲ್ಕು ಸಾಲು ಊದಬೇಕು. ಊದಿ, ವಾದ್ಯ ಪೆಟ್ಟಿಗೆಗೆ ಹಾಕಿ, ಮನೆಗೆ ಹೋಗಬೇಕು. ರೆಕಾರ್ಡಿನ ಮೇಲೆ ಹಾಡಿದವರ ಮುಖ. ಇವನ ಮೊಣಕೈಯೂ ಇಲ್ಲ. ಆ ವಿಷಯದಲ್ಲಿ ನಾನು ಅವನಿಗಿಂತ ಮುಂದೆ ಇದ್ದೇನೆ.

ಒಂದೇ ಒಂದು ಸಲ ಅವನ ಹೆಸರು ಮೇಲೆ ಬಂತು. ಬಿಡುವಿನಲ್ಲಿ ತಮಾಷೆಗೆ ಕೋಳಿ ಕೂಗಿದ ಹಾಗೆ ಏನೋ ಊದಿದ್ದನಂತೆ, ಅದನ್ನೇ ರೆಕಾರ್ಡು ಮಾಡಿದರು. ಊರಿಗೆ ಊರೇ ನಕ್ಕಿತು. ಅಲ್ಲಿಂದ ಮುಂದೆ ಎಲ್ಲಿ ಹೋದರೂ ಜನ ಕೇಳಿದ್ದು ಕೋಳಿಯನ್ನೇ. ಅವನಿಗೆ ಇಷ್ಟವಿದ್ದದ್ದು ನಿಧಾನದ ಹಾಡುಗಳು. ಅಂಥವನ್ನೇ ಸೇರಿಸಿ ತನ್ನದೇ ಒಂದು ರೆಕಾರ್ಡು ಮಾಡಿದ, ಯಾರೂ ಕೊಳ್ಳಲಿಲ್ಲ. ಕೊನೆಯ ವರ್ಷಗಳಲ್ಲಿ ದೊಡ್ಡ ಹೋಟೆಲುಗಳ ಊಟದ ಹಾಲ್‌ನಲ್ಲಿ, ಜನ ಚಮಚ ಆಡಿಸುವಾಗ ಮೂಲೆಯಲ್ಲಿ ನಿಂತು ಊದುತ್ತಿದ್ದ. ಮುದುಕನಾದ ಮೇಲಿನ ಒಂದು ವಿಡಿಯೋ ಇದೆ. ಯಾರೋ ಕೋಳಿಯ ಬಗ್ಗೆ ಕೇಳುತ್ತಾರೆ, ಅವನು ಜೋರಾಗಿ ನಗುತ್ತಾನೆ. ಕೇಳಿದವರು ಮುಂದಿನ ಪ್ರಶ್ನೆಗಾಗಿ ತಲೆ ತಗ್ಗಿಸಿದ ಕೂಡಲೆ ಅವನ ನಗು ಕಳಚಿ ಬೀಳುತ್ತದೆ, ಮದುವೆ ಮುಗಿದ ಹಾಲ್‌ನಲ್ಲಿ ಹೂವಿನ ತೋರಣ ಕಳಚಿ ಬೀಳುತ್ತದಲ್ಲ, ಹಾಗೆ. ಅಷ್ಟು ಹೊತ್ತನ್ನು ಮಾತ್ರ ನಾನು ಹಿಂದೆ ಹಾಕಿ ಹಾಕಿ ನೋಡಿದೆ.

ಯಾರೂ ಕೊಳ್ಳದ ಆ ರೆಕಾರ್ಡಿನ ಒಂದು ಹಾಡನ್ನು ಇಡೀ ಮಳೆಗಾಲ ಕೂತು ಕಲಿತೆ. ತೀರಾ ನಿಧಾನ. ಕೊನೆಯಲ್ಲಿ ಕೆಳಗಿನ ಸ್ವರಕ್ಕೆ ಇಳಿದು ಅಲ್ಲೇ ಉಳಿಯುತ್ತದೆ, ಬಾಗಿಲು ಹಾಕಿದ ಮೇಲೂ ಹೊರಗೆ ನಿಂತವರ ಹಾಗೆ. ಕಲಿತ ಮೇಲೆ ಒಂದು ಆಸೆ ಹುಟ್ಟಿತು, ದೊಡ್ಡದಲ್ಲ. ಯಾರಾದರೂ ಒಬ್ಬರು, ಒಬ್ಬರೇ ಸಾಕು, ಅದನ್ನು ಮೊದಲಿಂದ ಕೊನೆಯವರೆಗೆ ನಗದೆ ಕೇಳಬೇಕು. ಆ ಮುದುಕನ ಪಾಲಿನದ್ದೂ ಸೇರಿಸಿ.

ಆದರೆ ಸೀಸನ್ ಶುರುವಾಗುವ ಮೊದಲೇ ಡೋಲಿನವನಿಗೆ ನಾನು ತಟ್ಟೆಗಳ ಕಥೆ ಹೇಳಿಬಿಟ್ಟಿದ್ದೆ. ಹೇಳುವಾಗ ಸ್ವಲ್ಪ ಉಪ್ಪು ಖಾರ ಹಾಕಿದ್ದೆ. ನನ್ನ ಕಥೆಯಲ್ಲಿ ಅರ್ಧ ಬ್ರಹ್ಮಾವರ ತಟ್ಟೆ ಹಿಡಿದು ಬಂದಿತ್ತು, ಹೆದ್ದಾರಿ ಬಂದ್ ಆಗಿತ್ತು. ಅವನು ತನ್ನ ಪಾಲಿನ ಒಗ್ಗರಣೆ ಹಾಕಿದ. ಕುಂದಾಪುರದ ಒಂದು ಮೆಹಂದಿಯಲ್ಲಿ ಯಾರೋ “ಎಲ್ಲಿ, ಆ ಮೀನಿನ್ ಹಾರ್ನ್ ಒಂದ್ಸಲ ಕಾಂಬ” ಎಂದರು. ನಾನು ಊದಿದೆ. ಚಪ್ಪಾಳೆ. ಸುಮ್ಮನಿರಬೇಕಿತ್ತು. ನಾನು ಬೆಕ್ಕಿನ ಕೂಗನ್ನೂ ಸೇರಿಸಿದೆ. ಮುಗಿಯಿತು. ಆಮೇಲೆ ಬುಕ್ಕಿಂಗಿಗೆ ಫೋನು ಮಾಡುವವರು ಗುರುಗಳ ಹತ್ತಿರ ಕೇಳುವುದೇ, “ಆ ಮೀನಿನ್ ಸ್ಯಾಕ್ಸಿನವ ಬತ್ತ್ನಾ?”

ದೇವಸ್ಥಾನದಲ್ಲಿ ಮಾತ್ರ ಗುರುಗಳು ಬಿಡುತ್ತಿರಲಿಲ್ಲ. ಉಳಿದ ಕಡೆ ಅವರೂ ನಗುತ್ತಿದ್ದರು. ಒಂದು ದಿನ ಧೈರ್ಯ ಮಾಡಿ ಆ ನಿಧಾನದ ಹಾಡಿನ ವಿಷಯ ಎತ್ತಿದೆ.

“ಯಾರ್ದದ್?” ಎಂದರು.

“ಅಮೆರಿಕದವ್ರದ್ದ್ ಒಬ್ರದ್.”

“ಅವ್ರಿಗ್ ತಾಳ ಇತ್ತಾ?”

“ಇತ್ತ್. ಒಂಚೂರ್ ನಿಧಾನ.”

ಗುರುಗಳು ಎಲೆಗೆ ಸುಣ್ಣ ಹಚ್ಚುತ್ತಾ ಯೋಚಿಸಿದರು. “ಹಾಂಗಾರೆ ಬೈಂದೂರ್ ಮದ್ವಿಗೆ ಊಟದ್ ಹೊತ್ತಿಗ್ ಊದ್. ಸಾರ್ ಬಪ್ಪತಿಗೆ ಸುರು ಮಾಡ್, ಪಾಯ್ಸ ಬಪ್ಪತಿಗೆ ನಿಲ್ಸ್. ಅಷ್ಟೊತ್ತಿಗ್ ಯಾರೂ ಕೇಂಬುದಿಲ್ಲ, ತಪ್ಪಿರೂ ಅಡ್ಡಿಲ್ಲ.”

ಯಾರೂ ಕೇಳದ ಹೊತ್ತಿಗೆ ಯಾರಾದರೂ ಕೇಳಲಿ ಎಂದು ಊದುವುದು. ನನಗೆ ಮುದುಕನ ಹೋಟೆಲಿನ ಊಟದ ಹಾಲ್ ನೆನಪಾಯಿತು. ಆದರೂ ಖುಷಿಯಾಗಿ ಅಂಗಿಗೆ ಇಸ್ತ್ರಿ ಹಾಕಿದೆ. ಖುಷಿಯಲ್ಲಿ ಅಂಗಿಯ ಬೆನ್ನ ಮೇಲೆ ಇಸ್ತ್ರಿಪೆಟ್ಟಿಗೆಯ ಅಚ್ಚು ಉಳಿಯಿತು. ಬೆನ್ನು ಗೋಡೆಗೆ ಅಂಟಿಸಿಕೊಂಡೇ ನಿಲ್ಲಬೇಕಾಯಿತು.

ಬೈಂದೂರಿನ ಮದುವೆ ಹಾಲ್‌ನಲ್ಲಿ ಸಾರು ಬಂತು. ಶುರು ಮಾಡಿದೆ. ಮೊದಲ ಸಾಲು ಚೆನ್ನಾಗಿಯೇ ಬಂತು. ಹತ್ತಿರದ ಎಲೆಯಲ್ಲಿ ಕೂತಿದ್ದ ಒಬ್ಬ ಅಜ್ಜಿ ಕೈಯಲ್ಲಿ ತುತ್ತು ಹಿಡಿದು ನನ್ನ ಕಡೆ ನೋಡಿದರು. ಇವರೇ, ಎಂದುಕೊಂಡೆ. ಇವರೇ ಆ ಒಬ್ಬರು. ಅಜ್ಜಿ ಪಕ್ಕದವರಿಗೆ ಏನೋ ಹೇಳಿದರು, ಪಕ್ಕದವರು ಬಡಿಸುವವರನ್ನು ಕರೆದರು, ಬಡಿಸುವವರು ಬಂದು ಅಜ್ಜಿಗೆ ಉಪ್ಪು ಹಾಕಿದರು. ಅವರು ನೋಡುತ್ತಿದ್ದದ್ದು ನನ್ನ ಪಕ್ಕದಲ್ಲಿ ನಿಂತಿದ್ದ ಉಪ್ಪಿನವರನ್ನು.

ಅಷ್ಟರಲ್ಲಿ ಮದುಮಗಳ ಮಾವ ಎಲೆಯ ಮುಂದಿನಿಂದಲೇ ಕೂಗಿದರು. “ಹ್ವಾಯ್ ಸೆಟ್ಟಿನವ್ರೇ, ಯಾರಾರೂ ಸತ್ತಿದ್ರಾ? ಎಂತಕ್ ಮರ್ಕುದ್? ಆ ಮೀನಿಂದ್ ಹಾಕಿ ಮಾರ್ರೆ!”

ಇಡೀ ಪಂಕ್ತಿ ನಕ್ಕಿತು. ಹಾಡು ಅರ್ಧದಲ್ಲಿತ್ತು. ನಾನು ನಿಲ್ಲಿಸಿ ಹಾರ್ನ್ ಊದಿದೆ. ಎಲೆಯಲ್ಲಿ ಸಸ್ಯಾಹಾರ, ಕಿವಿಯಲ್ಲಿ ಬಂಗಡೆ. ಪಾಯಸದ ಬಕೆಟ್ ಹಿಡಿದವರೂ ನಗುತ್ತಾ ನಿಂತರು. ಬೆಕ್ಕನ್ನೂ ಕೂಗಿಸಿದೆ, ಕೇಳದೆಯೇ ಎರಡನೇ ಬೆಕ್ಕನ್ನೂ ಕೂಗಿಸಿದೆ. ನಾನೂ ನಕ್ಕೆ, ಎಲ್ಲರಿಗಿಂತ ಜೋರಾಗಿ. ಆಮೇಲೆ ಕೈ ತೊಳೆಯುವ ಜಾಗದ ಕನ್ನಡಿಯಲ್ಲಿ ನನ್ನ ಮುಖ ಕಂಡಾಗ ಆ ವಿಡಿಯೋದ ಮುದುಕನ ನೆನಪಾಯಿತು. ಕೂಡಲೆ ಮುಖಕ್ಕೆ ನೀರು ಹಾಕಿಕೊಂಡೆ.

ಆ ಸೀಸನ್ನಿನಲ್ಲಿ ಮತ್ತೆ ಅದನ್ನು ಊದಲಿಲ್ಲ. ಕೋಣೆಯಲ್ಲೂ ಊದಲಿಲ್ಲ. ಆಸಾಡಿ ಬಂತು. ಡೋಲಿನವನು ಗೋಳಿಬಜೆಗೆ, ಗುರುಗಳು ಗದ್ದೆಗೆ, ನಾನು ನನ್ನ ನಾಲ್ಕು ಗೋಡೆಗೆ. ಹೋಟೆಲಿನಲ್ಲಿ ಮತ್ತೆ ಮೂಗನಾದೆ. ಈ ಸಲ ಸುಲಭವಾಯಿತು.

ಒಂದು ಬೆಳಿಗ್ಗೆ ಬಾಗಿಲು ತಟ್ಟಿದ ಸದ್ದು. ತೆರೆದರೆ ಮೀನಿನವರು. ಕೈಯಲ್ಲಿ ಹಾರ್ನಿನ ರಬ್ಬರ್ ಬುರುಡೆ, ನಡುವೆ ಹರಿದು ಬಾಯಿ ಬಿಟ್ಟಿತ್ತು. ಕುತ್ತಿಗೆಗೆ ಮಫ್ಲರ್.

“ನಾಯಿ ಕಚ್ಚಿ ಹಾಕ್ತ್ ಮಾರ್ರೆ,” ಎಂದರು. ಧ್ವನಿ ಬಿರುಕು ಬಿಟ್ಟ ಮಡಕೆಯ ಹಾಗಿತ್ತು. “ಕೂಗ್ವ ಅಂದ್ರೆ ಶೀತ ಆಯಿ ಗಂಟ್ಲಿಲ್ಲ. ಪೆಟ್ಟಿಗಿ ತುಂಬ ಹೊರ್ಗಿಂದ್ ತರ್ಸಿದ್ ಐಸಿನ್ ಮೀನ್ ಇತ್ತ್. ಹೊಸ ಹಾರ್ನ್ ತರೂಕೆ ಹೋದ್ರೆ ಇದ್ ಹಾಳಾತ್ತ್. ಇವತ್ತೊಂದಿನ ಬತ್ರ್ಯಾ?”

“ನನ್ ಹಾರ್ನ್ ದೊಡ್ಡದಾಯ್ತ್ ಅಂದಿದ್ರಲೆ?”

“ಎಂತ ಮಾಡುದ್, ಸಣ್ಣದ್ ಒಡ್ದ್ ಹೋಯ್ತಲ್ಲ.”

ಹಿಂದಿನ ಸೀಟಿನಲ್ಲಿ ಮೀನಿನ ಪೆಟ್ಟಿಗೆ ಇದ್ದದ್ದರಿಂದ ನಾನು ಅದರ ಮೇಲೆಯೇ ಕೂತೆ. ಮಂಜುಗಡ್ಡೆ ಕರಗಿ ಮೊದಲ ಓಣಿಯಲ್ಲೇ ಪ್ಯಾಂಟು ಒದ್ದೆ. ಎರಡನೇ ಓಣಿಯಲ್ಲಿ ಸೊಂಟದ ಕೆಳಗಿನ ಭಾಗ ನನ್ನದಲ್ಲ ಅನಿಸಿತು. ಕೆಳಗಿನ ಸ್ವರ ಊದುತ್ತಾ ಬ್ರಹ್ಮಾವರ ಸುತ್ತಿದೆ. ಬಾಗಿಲುಗಳು ತೆರೆದವು, ತಟ್ಟೆಗಳು ಬಂದವು. “ಇವತ್ ಮೀನ್ ಇತ್ತಾ, ಇಲ್ಲ ಬರೀ ಸಂಗೀತವಾ?” ಎಂದು ಒಬ್ಬರು. “ಪೆಟ್ಟಿಗಿ ಮೇಲ್ ಕೂತದ್ ಯಾವ್ ಮೀನ್ ಮಾರ್ರೆ, ಕೈಕಾಲ್ ಸಮೇತ ಇತ್ತಲೆ!” ಎಂದು ಇನ್ನೊಬ್ಬರು.

ಕೊನೆಗೆ ನಮ್ಮ ಓಣಿಗೆ ಬಂದೆವು. ಮಾಲಕಿ ಅಕ್ಕ, ಮೇಷ್ಟ್ರು, ಇನ್ನೂ ಕೆಲವರು. ಈ ಮೀನಿನವರಿಗೆ ಒಂದು ಕ್ರಮ ಇದೆ, ಮೀನು ಕೊಟ್ಟು ಹಾಗೇ ಹೋಗುವುದಿಲ್ಲ. ಕೆಳಗೆ ಕೂತು, ಕಾಲಬೆರಳಿನಲ್ಲಿ ಕತ್ತಿಯ ಹಿಡಿ ಒತ್ತಿ ಹಿಡಿದು, ಒಂದೊಂದನ್ನೂ ಹೆರೆದು ಹೊಟ್ಟೆ ತೆಗೆದು ಕೊಡುತ್ತಾರೆ. ಅಷ್ಟೂ ಹೊತ್ತು ಜನ ಕಾಯಬೇಕು. ಶೀತದಿಂದಾಗಿ ಅವತ್ತು ಕೈಯೂ ನಿಧಾನವಾಗಿತ್ತು. ಓಣಿಯಲ್ಲಿ ಹೆರೆಯುವ ಸದ್ದು ಬಿಟ್ಟರೆ ಬೇರೇನೂ ಇಲ್ಲ. ನನ್ನ ಬಾಯಲ್ಲಿ ವಾದ್ಯ ಇತ್ತು. ಹಾರ್ನಿನ ಕೆಲಸ ಮುಗಿದಿತ್ತು. ಯೋಚಿಸಿದ್ದರೆ ಊದುತ್ತಿರಲಿಲ್ಲ.

ನಿಧಾನದ ಹಾಡು ತಾನೇ ಹೊರಟಿತು.

ಕಣ್ಣು ಮುಚ್ಚಿಕೊಂಡೆ. ಯಾರಾದರೂ ನಕ್ಕರೆ ಕಾಣುವುದು ಬೇಡ ಎಂದು, ಭಕ್ತಿಯಿಂದಲ್ಲ. ಅರ್ಧಕ್ಕೆ ಬಂದಾಗ, ಬೈಂದೂರಿನಲ್ಲಿ ನಿಲ್ಲಿಸಿದ ಜಾಗದಲ್ಲಿ, ಕಿವಿ ನಿಮಿರಿತು. ಯಾರೂ ನಗಲಿಲ್ಲ. ಕತ್ತಿಯ ಸದ್ದು ಮಾತ್ರ ನಿಂತಿತ್ತು. ಮುಂದಕ್ಕೆ ಹೋದೆ. ಕೆಳಗಿಳಿದೆ. ಕೊನೆಯ ಸ್ವರದಲ್ಲಿ ಉಸಿರು ಮುಗಿಯುವವರೆಗೆ ನಿಂತೆ. ಒಂದು ವರ್ಷದ ಹಿಂದೆ ಇದೇ ಸ್ವರ ಕೇಳಿ ಇವರು ಮೀನಿಗೆ ಓಡಿ ಬಂದಿದ್ದರು.

ಕಣ್ಣು ಬಿಟ್ಟರೆ ಮೇಷ್ಟ್ರು ಇರಲಿಲ್ಲ, ಮೀನು ಸಿಕ್ಕಿದ ಕೂಡಲೆ ಹೋಗಿದ್ದರಂತೆ. ಇಬ್ಬರು ಯಾವುದೋ ಮದುವೆ ಸಂಬಂಧದ ಸುದ್ದಿಯಲ್ಲಿದ್ದರು. ಮೀನಿನವರು ಕತ್ತಿ ಬಿಟ್ಟು ಮೂಗು ಒರೆಸುತ್ತಿದ್ದರು. ಮಾಲಕಿ ಅಕ್ಕ ಮಾತ್ರ ಗುಲಾಬಿ ತಟ್ಟೆ ಹಿಡಿದು ನನ್ನನ್ನೇ ನೋಡುತ್ತಾ ನಿಂತಿದ್ದರು. ತಟ್ಟೆ ಒಂದು ಕಡೆ ವಾಲಿತ್ತು. ಅದರಲ್ಲಿದ್ದ ಬಂಗಡೆಯನ್ನು ಒಂದು ಬೆಕ್ಕು ಗೋಡೆಯ ಮೇಲೆ ಕೂತು ಆರಾಮವಾಗಿ ತಿನ್ನುತ್ತಿತ್ತು.

“ಅಕ್ಕಾ, ನಿಮ್ ಮೀನ್!” ಎಂದರು ಮೀನಿನವರು.

ಅಕ್ಕ ತಟ್ಟೆ ನೋಡಿದರು, ಬೆಕ್ಕನ್ನು ನೋಡಿದರು, ಆಮೇಲೆ ನನ್ನನ್ನು. “ಇವ್ರ್ ಊದುದ್ ಕೇಂತಾ ನಿಂತೆ, ಕಾಣಿ! ಮಧ್ಯಾಹ್ನಕ್ಕ್ ಎಂತ ಪದಾರ್ಥ ಮಾಡುದ್ ನಾನ್ ಈಗ?” ಎಂದು ನನಗೆ ಸರಿಯಾಗಿ ಬೈದರು. ನನ್ನ ಜೀವನದಲ್ಲಿ ಅಷ್ಟು ಒಳ್ಳೆಯ ಬೈಗುಳ ನಾನು ತಿಂದಿಲ್ಲ.

ಬೇರೆ ಬಂಗಡೆ ಹಾಕಿಸಿಕೊಂಡು ಒಳಗೆ ಹೋಗುವವರು ತಿರುಗಿ ಕೇಳಿದರು. “ಅದ್ ಯಾರ್ದ್ ಪದ?”

“ಅಮೆರಿಕದವ್ರದ್ದ್ ಒಬ್ರದ್. ಈಗ ಇಲ್ಲ ಅವ್ರ್.”

“ಅವ್ರಿಗ್ ಯಾರೂ ಇಲ್ದಾ?”

ಅವನಿಗೆ ಹೆಂಡತಿ ಇದ್ದಳು, ಮಕ್ಕಳಿದ್ದರು, ಎಲ್ಲ ಓದಿದ್ದೆ. ಹೇಳಬಹುದಿತ್ತು. ಆದರೆ ಅಕ್ಕ ಕೇಳಿದ್ದು ಅದನ್ನಲ್ಲ ಅನಿಸಿತು. “ಗೊತ್ತಿಲ್ಲ” ಎಂದೆ.

ಅಕ್ಕ ಬಾಗಿಲು ಹಾಕಿಕೊಂಡರು.

ಮರುದಿನ ಹೊಸ ಹಾರ್ನ್ ಬಂದಿತ್ತು. ಕೋಣೆಯಲ್ಲಿ ಕೂತು ಅದು ಓಣಿಯ ತುದಿಯಿಂದ ಹತ್ತಿರವಾಗುವುದನ್ನು ಕೇಳಿದೆ. ಏನನ್ನಿಸಿತೋ, ಇದ್ದ ಒಂದು ತಟ್ಟೆ ಹಿಡಿದು ನಾನೂ ಕೆಳಗಿಳಿದೆ. ಎಲ್ಲರೂ ಮೀನು ನೋಡುತ್ತಿದ್ದರು. ಮೀನಿನವರು ನನ್ನ ತಟ್ಟೆಗೂ ಒಂದು ಬಂಗಡೆ ಹಾಕಿದರು, ಹೆರೆದು, ಚೆನ್ನಾಗಿ ತೊಳೆದು.

ಮೇಲೆ ಬಂದ ಮೇಲೆ ನೆನಪಾಯಿತು, ನನ್ನ ಕೋಣೆಯಲ್ಲಿ ಒಲೆಯೇ ಇಲ್ಲ. ಹಿಂದೆಯೇ ಮೆಟ್ಟಿಲು ಹತ್ತಿ ಬಂದಿದ್ದ ಬೆಕ್ಕಿಗೆ ತಟ್ಟೆ ಇಟ್ಟೆ. ಅದು ತಿನ್ನಲು ಕೂತಿತು. ನಾನು ಎದುರಿಗೆ ಕೂತು ಆ ಹಾಡು ಶುರು ಮಾಡಿದೆ. ತಿಂದು ಮುಗಿದ ಕೂಡಲೆ ಬೆಕ್ಕು ಮೀಸೆ ಒರೆಸಿಕೊಂಡು ಎದ್ದು ಹೋಯಿತು. ಹಾಡು ಇನ್ನೂ ಅರ್ಧ ಬಾಕಿ ಇತ್ತು.

ನಿಲ್ಲಿಸಲಿಲ್ಲ. ಕಿಟಕಿ ತೆರೆದೇ ಇತ್ತು.